ಬಹಮನ್ ತಿಂಗಳಲ್ಲಿ ಹುಟ್ಟಿದ ಅಂದಾನಪ್ಪ ಸಾಹೇಬರು

ಅಂದಾನಪ್ಪ ಸಾಹೇಬರು ಯಾವ ವಸ್ತುವನ್ನೇ ಆಗಲಿ ಮೊದಲು ಮೂಸಿ ನೋಡುತ್ತಿದ್ದರು. ದೂರು ಕೊಟ್ಟವರು ಬಾಯಿ ತೆರೆಯುವ ಮುನ್ನವೇ, ವಕೀಲರು ಎದ್ದು ನಿಲ್ಲುವ ಮುನ್ನವೇ, "ಎಲ್ಲೈತಿ ಅದು? ಇಲ್ಲಿ ತಂದು ಇಡ್ರಿ" ಎನ್ನುತ್ತಿದ್ದರು. ಸುಟ್ಟುಹೋದ ಪಂಪಿನ ಮೋಟಾರೋ, ಮೊಳಕೆ ಒಡೆಯದ ಸಜ್ಜೆ ಬೀಜದ ಚೀಲವೋ, ಬಣ್ಣ ಬಿಟ್ಟ ಸೀರೆಯೋ ಮೇಜಿನ ಮೇಲೆ ಬಂದು ಕೂರುತ್ತಿತ್ತು. ಸಾಹೇಬರು ಕನ್ನಡಕ ತೆಗೆದು, ಬಗ್ಗಿ, ಕಣ್ಣು ಮುಚ್ಚಿ ಮೂಸುತ್ತಿದ್ದರು. ನಿವೃತ್ತ ಜಿಲ್ಲಾ ನ್ಯಾಯಾಧೀಶರೊಬ್ಬರು ತುಂಬಿದ ಸಭೆಯಲ್ಲಿ ಬೀಜದ ಚೀಲದೊಳಗೆ ಮುಖ ಇಟ್ಟು ಕೂತಿರುವುದನ್ನು ಮೊದಲ ಸಲ ನೋಡಿದವರಿಗೆ ನಗು ತಡೆಯುವುದು ಕಷ್ಟವಾಗುತ್ತಿತ್ತು. ನಾನೂ ಟೈಪ್ ಮಷೀನಿನ ಹಿಂದೆ ತಲೆ ತಗ್ಗಿಸಿ ನಕ್ಕವಳೇ.

ಒಮ್ಮೆ ಗಂಗಾವತಿಯಲ್ಲಿ ಹೀಗೆಯೇ ಬೀಜದ ಚೀಲ ಮೂಸಿ, "ಇದು ಹ್ವಾದ ವರ್ಷದ ಬೀಜ. ಮುಗ್ಗಲು ವಾಸನಿ ಬರಾಕತ್ತೈತಿ" ಎಂದರು. ಅಂಗಡಿಯವನ ಪರ ಬಂದಿದ್ದ ಎಳೆಯ ವಕೀಲರು ಎದ್ದು, "ಮೂಗು ಸಾಕ್ಷಿ ಆಗೂದಿಲ್ರಿ ಸಾಹೇಬ್ರ" ಎಂದರು. ಸಾಹೇಬರು ಕನ್ನಡಕ ಹಾಕಿಕೊಂಡು ನಿಧಾನವಾಗಿ ಹೇಳಿದರು: "ಖರೆ ಐತ್ರಿ ನೀವು ಹೇಳಿದ್ದು. ಅದಕ್ಕ ಮೂಗಿನ ಮಾತು ಆರ್ಡರಿನ್ಯಾಗ ಬರಿಯೂದಿಲ್ಲ. ಬೀಜ ಪರೀಕ್ಷೆಗೆ ಕಳಸೂಣು. ಮೂಗು ಎಲ್ಲಿಗೆ ಕಳಸಬೇಕು ಅಂತಷ್ಟ ಹೇಳತೈತಿ." ಪರೀಕ್ಷೆಯಲ್ಲಿ ಬೀಜ ಹಳೆಯದೆಂದೇ ಬಂತು.

ಹಾಗಂತ ಮೂಗು ಯಾವಾಗಲೂ ಗೆದ್ದಿತೆಂದಲ್ಲ. ಯಲಬುರ್ಗಾದಲ್ಲಿ ಒಂದು ಮಿಕ್ಸರನ್ನು ಮೂಸಿ "ಒಳಗ ಏನೋ ಸುಟ್ಟೈತಿ" ಎಂದು ಘೋಷಿಸಿದರು. ಬಿಚ್ಚಿಸಿ ನೋಡಿದರೆ ಎಲ್ಲವೂ ನೆಟ್ಟಗಿತ್ತು. ದೂರು ತಂದಿದ್ದ ಹೆಣ್ಣುಮಗಳು ಸಂಕೋಚದಿಂದ, "ಮುಂಜಾನಿ ಬಳ್ಳೊಳ್ಳಿ ಚಟ್ನಿ ರುಬ್ಬಿದ್ದೆರಿ, ಸರಿಯಾಗಿ ತೊಳದಿಲ್ಲ" ಎಂದಳು. ಆ ದಿನ ಎಲ್ಲರಿಗಿಂತ ಹೆಚ್ಚು ನಕ್ಕವರು ಸಾಹೇಬರೇ.

ಇದೆಲ್ಲ ಎಂಬತ್ತರ ದಶಕದ ಕೊನೆಯ ಮಾತು. ಗ್ರಾಹಕರಿಗೆಂದು ಹೊಸ ಕಾನೂನು ಬಂದು, ಜಿಲ್ಲೆಗೊಂದು ವೇದಿಕೆ ಆಗಿ, ಜನ ಅದನ್ನು ಗ್ರಾಹಕರ ಕೋರ್ಟು ಎಂದು ಕರೆಯತೊಡಗಿದ್ದರು. ಆಗ ನಮ್ಮದು ರಾಯಚೂರು ಜಿಲ್ಲೆ. ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾದವರು ಒಂದು ಮಿಕ್ಸರಿಗಾಗಿ ಅಷ್ಟು ದೂರ ಹೋಗುವುದು ಹೇಗೆಂದು ಸಾಹೇಬರೇ ತಿಂಗಳಿಗೊಮ್ಮೆ ಈ ನಾಲ್ಕು ಊರಿಗೆ ಬಂದು ಕೂರುತ್ತಿದ್ದರು. ಅವರ ಮನೆ ಕೊಪ್ಪಳದಲ್ಲಿಯೇ ಇತ್ತು. ಆ ನಾಲ್ಕು ಬೈಠಕ್ಕುಗಳಿಗೆ ಟೈಪಿಸ್ಟ್, ಗುಮಾಸ್ತೆ, ಫೈಲು ಹೊರುವವಳು ಎಲ್ಲವೂ ನಾನೇ. ಕೊಪ್ಪಳದ ಕೋರ್ಟಿನಿಂದ ನನ್ನನ್ನು ಅಲ್ಲಿಗೆ ಎರವಲು ಕೊಟ್ಟಿದ್ದರು.

ಸಾಹೇಬರನ್ನು ನಾನು ಅದಕ್ಕೂ ಮುಂಚೆ ಬಲ್ಲೆ. ಎಪ್ಪತ್ತರ ದಶಕದ ನಡುವೆ ಅವರು ಸಿವಿಲ್ ಜಡ್ಜ್ ಆಗಿ ಕೊಪ್ಪಳಕ್ಕೆ ಬಂದಾಗ ನಾನು ಕೋರ್ಟಿಗೆ ಸೇರಿ ಎರಡು ತಿಂಗಳಾಗಿತ್ತು. ಬೇವೂರಿನ ಒಕ್ಕಲು ಮನೆಯ ಹುಡುಗಿ, ಟೈಪ್ ಪರೀಕ್ಷೆ ಪಾಸು ಮಾಡಿದ್ದೇನೆಂದು ನನಗೆ ಸ್ವಲ್ಪ ಸೊಕ್ಕೂ ಇತ್ತು. ಸಾಕ್ಷಿಗಳು ಆಡಿದ ಮಾತನ್ನು ನಾನು ಚೊಕ್ಕಟವಾದ ಪುಸ್ತಕದ ಕನ್ನಡಕ್ಕೆ ತಿದ್ದಿ ಬಡಿಯುತ್ತಿದ್ದೆ. ಮೂರನೆಯ ದಿನ ಸಾಹೇಬರು ಒಳಗೆ ಕರೆಸಿದರು.

"ಯಾ ಊರವಾ ನಿಂದು?"

"ಬೇವೂರ್ರಿ."

"ನೋಡು ಬೇವೂರವ್ವ. ಸಾಕ್ಷಿದಾಂವ 'ಅಂವ ನಸಿಕಿನ್ಯಾಗ ಹೊಲಕ್ಕ ಹೋಗ್ಯಾನ್ರಿ' ಅಂದಾನ. ನೀ 'ಅವನು ಬೆಳಿಗ್ಗೆ ಹೊಲಕ್ಕೆ ತೆರಳಿದನು' ಅಂತ ಹೊಡದೀದಿ. ನಸಿಕು ಅಂದ್ರ ಮಬ್ಬುಗತ್ತಲು. ಬೆಳಿಗ್ಗೆ ಅಂದ್ರ ಎಲ್ಲಾ ಕಾಣತೈತಿ. ಈಗ ಕತ್ತಲಾಗ ನೋಡಿದ ಸಾಕ್ಷಿ ಬೆಳಕಿನ್ಯಾಗ ನೋಡಿದ ಸಾಕ್ಷಿ ಆತಲ್ಲ, ಯಾರಿಗಾರ ಶಿಕ್ಷಾ ಆದ್ರ ನೀ ಹೋಗ್ತೀಯೇನು ಒಳಗ?"

ನನಗೆ ಅಳು ಬಂತು. ಅವರು ಜೋರು ಮಾಡಲಿಲ್ಲ, ಬೇರೆ ಹಾಳೆ ಕೊಟ್ಟು ಮತ್ತೆ ಹೊಡೆಯಲು ಹೇಳಿದರು, ಅಷ್ಟೆ. ಅಂದಿನಿಂದ ಅವರು ನನ್ನನ್ನು ಹೆಸರು ಹಿಡಿದು ಕರೆದದ್ದು ಕಡಿಮೆ. ಎಷ್ಟೋ ಊರು ತಿರುಗಿ, ಜಿಲ್ಲಾ ನ್ಯಾಯಾಧೀಶರಾಗಿ ನಿವೃತ್ತರಾಗಿ ಮರಳಿ ಕೊಪ್ಪಳಕ್ಕೆ ಬಂದಮೇಲೂ ನಾನು ಅವರಿಗೆ ಬೇವೂರವ್ವನೇ. ಈಗ ನನ್ನನ್ನು ಹಾಗೆ ಕರೆಯುವವರು ಯಾರೂ ಇಲ್ಲ. ಬಸ್ಸಿನಲ್ಲಿ ಯಾರಾದರೂ ಬೇವೂರು ಎಂದರೂ ನನ್ನ ಕತ್ತು ತಾನಾಗಿ ತಿರುಗುತ್ತದೆ.

ಇನ್ನು ಅವರ ಸಂಬಳದ ಕಥೆ ಹೇಳಬೇಕು. ವೇದಿಕೆಗೆ ಬರುವ ನಿವೃತ್ತ ನ್ಯಾಯಾಧೀಶರ ಸಂಬಳದ ನಿಯಮ ಕೇಳಲು ಬಹಳ ಸರಳ: ಕೊನೆಯಲ್ಲಿ ಪಡೆದ ಸಂಬಳದಲ್ಲಿ ಪಿಂಚಣಿ ಕಳೆದು ಉಳಿದದ್ದನ್ನು ಕೊಡುವುದು. "ನನಗ ಬರೂದು ಪಗಾರ ಅಲ್ಲವಾ, ವಜಾ ಆಗಿ ಉಳದದ್ದು" ಎಂದು ಸಾಹೇಬರು ನಗುತ್ತಿದ್ದರು. ಆ ಉಳಿದದ್ದೂ ಬರಲಿಲ್ಲ. ಪಿಂಚಣಿಯ ಮೇಲಿನ ತುಟ್ಟಿಭತ್ಯೆಯನ್ನೂ ಕಳೆಯಬೇಕೋ ಬೇಡವೋ ಎಂದು ಬಿಲ್ಲು ನೋಡುವ ಕಚೇರಿಯಿಂದ ಒಂದು ಆಕ್ಷೇಪಣೆ ಬಂತು. ಬೈಠಕ್ಕಿಗೆ ಊರೂರು ತಿರುಗುವ ದಿನಭತ್ಯೆಯ ಪಟ್ಟಿಯಲ್ಲಿ ಸೇವೆಯಲ್ಲಿರುವವರ ದರ ಇದೆ, ನಿವೃತ್ತರಾಗಿ ಮತ್ತೆ ಬಂದವರ ದರ ಇಲ್ಲ ಎಂದು ಇನ್ನೊಂದು. ವರ್ಷ ಕಳೆದರೂ ಸಾಹೇಬರು ಬರೀ ಪಿಂಚಣಿಯ ಮೇಲೆ ಕೂತಿದ್ದರು. ಬಸ್ಸಿನ ಟಿಕೀಟೂ ಅವರದೇ, ನನಗೆ ಕುಡಿಸುವ ಚಹಾವೂ ಅವರದೇ.

ನನಗೆ ಮೈಯೆಲ್ಲ ಉರಿಯುತ್ತಿತ್ತು. ತಿಂಗಳಿಗೊಂದು ಜ್ಞಾಪನ ಪತ್ರ ಬರೆಯುತ್ತಿದ್ದೆ. ಅವರು ಓದಿ, ಪೆನ್ನಿನಿಂದ ಕೆಲವು ಪದ ಹೊಡೆದು, "ಮೂರ ಕಡೆ ದಯವಿಟ್ಟು ಹಾಕೀದಿ. ಒಂದ ಸಾಕು. ನಾವು ಭಿಕ್ಷಾ ಬೇಡಾಕ ಹೊಂಟಿಲ್ಲ" ಎಂದು ಸಹಿ ಮಾಡುತ್ತಿದ್ದರು. ಅವರ ಹೆಂಡತಿ ಗೌರಮ್ಮನವರಿಗೆ ಮಾತ್ರ ಸಂಬಳದ ಚಿಂತೆಯೇ ಇರಲಿಲ್ಲ. ಒಮ್ಮೆ ಫೈಲು ತರಲು ಮನೆಗೆ ಹೋದಾಗ ಅವರು ನನ್ನನ್ನು ಅಡುಗೆಮನೆಗೆ ಕರೆದು ಹೇಳಿದರು: "ಆ ಪಗಾರ ಬರಲಿ ಬಿಡಲಿ, ಕೋಟು ಹಾಕ್ಕೊಂಡು ಹೊರಗ ಹೊಕ್ಕಾರಲ್ಲ, ನನಗ ಅಷ್ಟ ಸಾಕವಾ. ರಿಟಾಯರ್ ಆದ ಮ್ಯಾಲ ದಿನಕ್ಕ ನಾಕ ಮಾತೂ ಆಡ್ತಿದ್ದಿಲ್ಲ. ಈಗ ನೋಡು, ಊಟಕ್ಕ ಕುಂತ್ರ ಬರೀ ಮಿಕ್ಸರ್, ಮೋಟಾರು, ಬೀಜ. ಇದು ಹಿಂಗ ಇರಲಪ್ಪ ದೇವ್ರ ಅಂತೀನಿ." ಆ ಮಾತು ಕೇಳಿದಮೇಲೆ ನನಗೂ ಅದೇ ಆಸೆ ಹತ್ತಿತು. ವೇದಿಕೆಯಲ್ಲಿ ಅರವತ್ತೈದು ವರ್ಷ ತುಂಬುವವರೆಗೆ ಕೂರಬಹುದು. ದಾಖಲೆಯ ಪ್ರಕಾರ ಸಾಹೇಬರಿಗೆ ಇನ್ನೂ ಒಂದು ವರ್ಷದ ಮೇಲೆ ಸಮಯವಿತ್ತು.

ಆಗ ಬಂತು ಮೂರನೆಯ ಆಕ್ಷೇಪಣೆ. ಸಾಹೇಬರು ನೌಕರಿಗೆ ಸೇರಿದ್ದು ನಿಜಾಮರ ಕಾಲದಲ್ಲಿ, ಕೋರ್ಟಿನ ಸಣ್ಣ ಗುಮಾಸ್ತೆಯಾಗಿ. ಮುಂದೆ ಕಾನೂನು ಓದಿ ಮೇಲೆ ಬಂದವರು. ಅವರ ಸೇವಾ ಪುಸ್ತಕದ ಮೊದಲ ಪುಟಗಳೆಲ್ಲ ಉರ್ದುವಿನಲ್ಲಿದ್ದವು. ಅವು ನಮಗೆ ಓದಲು ಬರುವುದಿಲ್ಲ, ಕನ್ನಡ ಮಾಡಿಸಿ, ಅಧಿಕಾರಿಯ ಸಹಿ ಹಾಕಿಸಿ ಕಳಿಸಿ, ಆಮೇಲೆ ಸಂಬಳ ನಿಗದಿ ಮಾಡುತ್ತೇವೆ ಎಂದು ಪುಸ್ತಕವನ್ನೇ ವಾಪಸು ಕಳಿಸಿದ್ದರು. ಸಾಹೇಬರಿಗೆ ಉರ್ದು ನೀರು ಕುಡಿದಷ್ಟು ಸಲೀಸು. ಆದರೆ ಅವರು ಪುಸ್ತಕ ತೆರೆದೂ ನೋಡಲಿಲ್ಲ. "ನನ್ನ ಪುಸ್ತಕ ನಾನ ತರ್ಜುಮೆ ಮಾಡಿದ್ರ ಯಾರು ನಂಬತಾರ? ಗಂಗಾವತ್ಯಾಗ ಹುಸೇನ ಮಾಸ್ತರ್ ಅದಾರ. ಅವರ ಕಡೆ ಒಯ್ಯಿ" ಎಂದರು.

ಹುಸೇನ ಮಾಸ್ತರರು ಉರ್ದು ಸಾಲೆಯಲ್ಲಿ ಪಾಠ ಹೇಳಿ ನಿವೃತ್ತರಾದವರು. ಕಟ್ಟೆಯ ಮೇಲೆ ಚಾಪೆ ಹಾಸಿ, ಮೊದಲ ಪುಟದ ಉರ್ದುವನ್ನು ಮುಂದಿನ ಪುಟದ ಇಂಗ್ಲಿಷ್ ಜನ್ಮದಿನಾಂಕದ ಜೊತೆ ತಾಳೆ ನೋಡುತ್ತಲೇ ಬೆರಳು ನಿಲ್ಲಿಸಿದರು.

"ಇಲ್ಲೊಂದು ಗಲತಿ ಆಗೇತಿ ನೋಡವ್ವಾ. ಸಾಹೇಬ್ರು ಹುಟ್ಟಿದ್ದು ಬಹಮನ್ ತಿಂಗಳು. ಅಂದ್ರ ಡಿಸೆಂಬರ್ ಸುಮಾರು."

"ಅದ್ರಾಗೇನ್ ತಪ್ಪು ಐತ್ರಿ ಮಾಸ್ತರ?"

ಮಾಸ್ತರರು ಸಾಲೆಯ ಮಕ್ಕಳಿಗೆ ಹೇಳುವಂತೆ ಹೇಳಿದರು. ನಿಜಾಮರ ಕಾಲದ ಲೆಕ್ಕ ಫಸಲಿ ವರ್ಷದ್ದು. ಅದು ಅಕ್ಟೋಬರಿಗೆ ಶುರುವಾಗುತ್ತಿತ್ತು. ಫಸಲಿಯನ್ನು ಇಂಗ್ಲಿಷ್ ವರ್ಷ ಮಾಡಲು ಐದುನೂರಾ ತೊಂಬತ್ತೊಂದು ಕೂಡಿಸಬೇಕು. ಆದರೆ ಮೊದಲ ಮೂರು ತಿಂಗಳಲ್ಲಿ, ಅಂದರೆ ಡಿಸೆಂಬರ್ ಮುಗಿಯುವ ತನಕ, ಐದುನೂರಾ ತೊಂಬತ್ತೇ ಕೂಡಿಸಬೇಕು. ರಾಜ್ಯ ಬದಲಾಗಿ ಪುಸ್ತಕಗಳನ್ನೆಲ್ಲ ಹೊಸದಾಗಿ ಬರೆದಾಗ ಯಾವನೋ ಗುಮಾಸ್ತೆ ಕಣ್ಣು ಮುಚ್ಚಿ ಎಲ್ಲರಿಗೂ ತೊಂಬತ್ತೊಂದೇ ಕೂಡಿಸಿದ್ದ. "ಸಾಹೇಬ್ರನ್ನ ಒಂದ್ ವರ್ಷ ಸಣ್ಣಾಂವರನ್ನ ಮಾಡಿಬಿಟ್ಟಾನ" ಎಂದರು ಮಾಸ್ತರರು. ಎಂದರೆ ಸಾಹೇಬರಿಗೆ ಬರುವ ಡಿಸೆಂಬರಿಗೇ ಅರವತ್ತೈದು. ಇನ್ನು ಮೂರೂವರೆ ತಿಂಗಳು.

ನಾನು ಬೆರಳಲ್ಲಿ ಎರಡು ಸಲ ಎಣಿಸಿದೆ. ಆಮೇಲೆ ಮಾಸ್ತರರನ್ನು ಕೇಳಿದೆ, ಇಂಗ್ಲಿಷ್ ವರ್ಷ ಬರೆಯಲೇಬೇಕೇ ಎಂದು. ಅವರು ನನ್ನ ಮುಖ ನೋಡಿದರು. "ನಾ ಪುಸ್ತಕದಾಗ ಇದ್ದದ್ದಷ್ಟ ಬರದು ಕೊಡ್ತೀನಿ. ಬಹಮನ್ ತಿಂಗಳು, ಇಂಥಾ ಫಸಲಿ. ಕೂಡಿಸೂದು ಕಳಿಯೂದು ಓದಿದವರ ಕೆಲಸ."

ಬಿಲ್ಲು ನೋಡುವ ಯಾರಿಗೂ ಫಸಲಿಯ ಗಂಧವೇ ಇರಲಿಲ್ಲ. ಅವರಿಗೆ ಬೇಕಾಗಿದ್ದದ್ದು ಕನ್ನಡದ ಒಂದು ಹಾಳೆ, ಕೆಳಗೊಂದು ಸಹಿ. ಆ ಹಾಳೆ ಸುಮ್ಮನೆ ಹೋದರೆ ಸಾಹೇಬರ ಸಂಬಳವೂ ಬರುತ್ತಿತ್ತು, ಇನ್ನೊಂದು ವರ್ಷ ಅವರು ಕೂತೂ ಇರುತ್ತಿದ್ದರು. ಆದರೆ ವೇದಿಕೆಯ ಅಧಿಕಾರಿಯಾಗಿ ಸಹಿ ಹಾಕಬೇಕಾದವರು ಸಾಹೇಬರೇ. ಫಸಲಿಯ ತಿಂಗಳು ಅವರಿಗೆ ಬಾಯಿಪಾಠ. ಓದಿದರೆ ಮುಗಿಯಿತು. ಮೂರು ವಾರ ಆ ಹಾಳೆಯನ್ನು ನನ್ನ ಚೀಲದಲ್ಲಿಟ್ಟುಕೊಂಡು ತಿರುಗಿದೆ. ಸಾಹೇಬರು ಕೇಳಿದಾಗ, ಮಾಸ್ತರರಿಗೆ ಮೈಯಲ್ಲಿ ಹುಷಾರಿಲ್ಲವೆಂದು ಒಮ್ಮೆ ಸುಳ್ಳನ್ನೂ ಹೇಳಿದೆ. ಅವರಿಗೆ ನಾನು ಹೇಳಿದ ಸುಳ್ಳು ಅದೊಂದೇ.

ಕೊನೆಗೆ ಒಂದು ಉಪಾಯ ಮಾಡಿದೆ. ಕುಷ್ಟಗಿಯ ಬೈಠಕ್ ಮುಗಿಸಿ ಬಸ್ ಸ್ಟ್ಯಾಂಡಿಗೆ ಬಂದಾಗ, ಕೊಪ್ಪಳದ ಬಸ್ಸು ಹಾರ್ನ್ ಹೊಡೆಯುತ್ತಿರುವ ಗಡಿಬಿಡಿಯಲ್ಲಿ, ಹತ್ತು ಕಾಗದಗಳ ತಳಕ್ಕೆ ಅದನ್ನಿಟ್ಟು, "ಸಾಹೇಬ್ರ, ಇವಷ್ಟಕ್ಕ ಸಹಿ ಬೇಕಾಗಿತ್ರಿ, ನಾಳೆ ಟಪಾಲಿಗೆ ಹಾಕಬೇಕು" ಎಂದೆ. ಅವರು ಕಟ್ಟನ್ನು ಕಂಕುಳಲ್ಲಿಟ್ಟುಕೊಂಡು ಬಸ್ಸು ಹತ್ತಿದರು. "ಓದಿ ಮಾಡ್ತೀನಿ, ಕೊಪ್ಪಳ ಇನ್ನೂ ದೂರ ಐತಿ."

ಕಿಟಕಿಯ ಪಕ್ಕ ಅವರು, ನಡುವಿನ ದಾರಿಯ ಆಚೆ ಸೀಟಿನಲ್ಲಿ ನಾನು. ಒಂದೊಂದೇ ಕಾಗದ ಓದಿ, ಮೊಣಕಾಲಿನ ಮೇಲೆ ಫೈಲಿಟ್ಟು ಸಹಿ ಮಾಡುತ್ತ ಬಂದರು. ಕೊನೆಯ ಹಾಳೆ ಬಂತು. ಓದಿದರು. ಎಡಗೈಯ ಹೆಬ್ಬೆರಳು ಉಳಿದ ಬೆರಳುಗಳ ಗೆಣ್ಣಿನ ಮೇಲೆ ಸರಿದಾಡಿತು. ಅಜೂರ, ದೈ, ಬಹಮನ್ ಎಂದು ಫಸಲಿಯ ತಿಂಗಳು ಎಣಿಸುತ್ತ ತುಟಿ ಅಲ್ಲಾಡಿದ್ದು ನನಗೆ ಕಂಡಿತು. ಆಮೇಲೆ ಪೆನ್ನನ್ನು ಜೇಬಿಗೆ ಸಿಕ್ಕಿಸಿ, ಹಾಳೆಯನ್ನು ನನ್ನ ಕಡೆ ಹಿಡಿದರು.

"ಇದು ನಿನ್ನ ಕಡೆ ಎಷ್ಟು ದಿನ ಇತ್ತು?"

"ಮೂರು ವಾರ್ರಿ."

"ಲೆಕ್ಕಾ ಮಾಡಿದ್ದಿ?"

"ಹೂನ್ರಿ."

"ಮತ್ತ ಯಾಕ ಕೊಟ್ಟಿ?"

"ನಿಮ್ಮ ಸಹಿ ಬೇಕಾಗಿತ್ರಿ" ಎಂದೆ.

ಬೈಯುತ್ತಾರೆ ಎಂದುಕೊಂಡಿದ್ದೆ. ಅವರು ಮಾತಾಡಿದ್ದು ತಮ್ಮ ತಾಯಿಯ ವಿಷಯ. "ನಮ್ಮವ್ವ ಯಾವಾಗಲೂ ಅಂತಿದ್ಳು, ನಿಮ್ಮಕ್ಕ ನಿನಗಿಂತ ಎರಡ ವರ್ಷಕ್ಕ ದೊಡ್ಡಾಕಿ ಅಂತ. ನಾ ದಾಖಲೆ ನೋಡಿ ಮೂರ ವರ್ಷ ಅಂತಿದ್ದೆ. ನಿನಗ ಲೆಕ್ಕ ಬರೂದಿಲ್ಲ ಬೇ ಅಂತ ಮಂದ್ಯಾಗ ಆಕೀನ್ನ ನಗಸಾಡೀನಿ. ಇರಕಲ್ಲಗಡದಾಗ ನಮ್ಮ ಮನಿ ಕಟ್ಟಿಮ್ಯಾಲ ಕುಂತು ಬೆರಳು ಮಡಚಿ ಮಡಚಿ ತೋರಸ್ತಿದ್ಳು. ಲೆಕ್ಕ ಬರಲಾರದಾಂವ ನಾನ ಆಗಿದ್ದೆ, ನೋಡು." ಅವರ ಕಣ್ಣಲ್ಲಿ ನೀರು ಕಂಡದ್ದು ನಾನು ಅದೇ ಮೊದಲು.

ಮರುದಿನ ಆ ಹಾಳೆಗೆ ಸಹಿ ಹಾಕಿ, ಅದರ ಜೊತೆ ಕಳಿಸಲು ಒಂದು ಪತ್ರ ಹೇಳಿ ಬರೆಸಿದರು. ತಮ್ಮ ಜನ್ಮದಿನಾಂಕ ಒಂದು ವರ್ಷ ಮುಂದಾಗಿ ಬರೆಯಲ್ಪಟ್ಟಿದೆ, ಆ ತಪ್ಪಿನಿಂದ ಸೇವೆಯಲ್ಲಿಯೂ ಒಂದು ವರ್ಷ ಹೆಚ್ಚು ಇದ್ದಂತಾಗಿದೆ, ಈ ಬಗ್ಗೆ ಸರಕಾರದ ತೀರ್ಮಾನಕ್ಕೆ ಬದ್ಧ, ಡಿಸೆಂಬರಿಗೆ ವೇದಿಕೆಯ ಸ್ಥಾನ ಬಿಡುತ್ತೇನೆ. ನಾನು ಟೈಪ್ ಮಾಡುತ್ತ ಎರಡು ಕಡೆ ತಪ್ಪಿದೆ. "ಉತ್ತರ ಬರೂ ತನಕ ಕುಂತ್ರ ಏನಾಕ್ಕೈತ್ರಿ?" ಎಂದು ಕೇಳಿಯೂಬಿಟ್ಟೆ. ಅವರು, "ನಾಳೆ ಯಾರಾರ ಅಂಗಡಿಯಾಂವ ಬಂದು, ವಯಸ್ಸು ಮೀರಿದಾಂವ ಕೊಟ್ಟ ಆರ್ಡರು ನಡಿಯೂದಿಲ್ಲ ಅಂದ್ರ? ಆ ಬಡವರು ಮತ್ತ ಮೋಟಾರು ಹೊತ್ಕೊಂಡು ಬರಬೇಕು" ಎಂದರು. ನಾನು ತಪ್ಪಿದ ಎರಡು ಕಡೆ ತಿದ್ದಿ, ಪತ್ರವನ್ನು ಸಹಿಗೆ ಅವರ ಮುಂದಿಟ್ಟೆ.

ಉಳಿದ ದಿನಗಳಲ್ಲಿ ಅವರು ತಿಂಗಳಿಗೆ ಎರಡೆರಡು ಸಲ ಬೈಠಕ್ ಇಟ್ಟರು. ಕೈಲಾದಷ್ಟು ಮುಗಿಸಿದರು. ಕೊನೆಯ ದಿನ ಕೊಪ್ಪಳದಲ್ಲಿ ಭಾಷಣ, ಹಾರ ಎಂದು ವೇದಿಕೆಯ ಉಳಿದ ಸದಸ್ಯರು ಏನೋ ಸಿದ್ಧ ಮಾಡಿದ್ದರು. ಸಾಹೇಬರು ಕೊನೆಯ ಆದೇಶಕ್ಕೆ ಸಹಿ ಹಾಕಿ, ಪೆನ್ನಿನ ಮುಚ್ಚಳ ಹಾಕಿ, ಹಾರವನ್ನು ಕೈಯಲ್ಲೇ ತೆಗೆದುಕೊಂಡು, "ನಾ ಬರ್ತೀನ್ರಿ" ಎಂದು ನಡೆದುಕೊಂಡೇ ಮನೆಗೆ ಹೋದರು. ಗೌರಮ್ಮನವರು ನನ್ನನ್ನು ದೂರಲಿಲ್ಲ. ದೂರಿದ್ದರೆ ಒಳ್ಳೆಯದಿತ್ತು.

ಸರಕಾರದ ಉತ್ತರ ಬಂದದ್ದು ಬೇಸಗೆಗೆ. ಸೇವಾ ಪುಸ್ತಕದಲ್ಲಿ ಒಮ್ಮೆ ಅಂಗೀಕೃತವಾದ ಜನ್ಮದಿನಾಂಕವೇ ಅಂತಿಮ, ನಿವೃತ್ತಿಯ ನಂತರ ಅದನ್ನು ಬದಲಿಸುವ ಪ್ರಶ್ನೆಯೇ ಬರುವುದಿಲ್ಲ ಎಂದಿತ್ತು. ಜೊತೆಗೆ ಸಂಬಳ ನಿಗದಿಯ ಆದೇಶವೂ ಇತ್ತು: ಕೊನೆಯ ಸಂಬಳದಲ್ಲಿ ಪಿಂಚಣಿ ಕಳೆದು, ದಾಖಲೆಯ ಪ್ರಕಾರ ಅರವತ್ತೈದು ತುಂಬುವವರೆಗೆ. ಅವರು ಕೂತಿರಬಹುದಾಗಿತ್ತು. ಯಾರೂ ಏನೂ ಅನ್ನುವಂತಿರಲಿಲ್ಲ. ಆದರೆ ಅಷ್ಟು ಹೊತ್ತಿಗೆ ಅವರ ಕುರ್ಚಿಯ ಹೊಣೆಯನ್ನು ಇನ್ನೊಬ್ಬರಿಗೆ ಒಪ್ಪಿಸಿ ಆಗಿತ್ತು.

ಪತ್ರ ಹಿಡಿದುಕೊಂಡು ಅವರ ಮನೆಗೆ ಹೋದೆ. ಆರು ತಿಂಗಳಲ್ಲಿ ಮನುಷ್ಯ ಅಷ್ಟು ಇಳಿದುಹೋಗಿದ್ದನ್ನು ನಾನು ನೋಡಿರಲಿಲ್ಲ. ಅಂಗಿಯ ಕೊರಳು ಸಡಿಲವಾಗಿತ್ತು. "ಬಾ ಬೇವೂರವ್ವ" ಎಂದು ಕೂರಿಸಿದರು. ಪತ್ರ ಕೊಟ್ಟೆ. ಎರಡು ಸಲ ಓದಿದರು. "ನೆಟ್ಟಗ ಬರದಾರ. ಕಾನೂನು ಹಂಗ ಐತಿ" ಎಂದರು. ಗೌರಮ್ಮನವರು ಚಹಾ ತಂದಿಟ್ಟು ಬಾಗಿಲಲ್ಲೇ ನಿಂತರು.

"ಇದು ಡಿಸೆಂಬರಕ್ಕ ಮದಲ ಬಂದಿದ್ರ ಛಲೋ ಇತ್ರಿ ಸಾಹೇಬ್ರ" ಎಂದೆ. ಸಮಾಧಾನಕ್ಕೆ ಆಡಿದ ಮಾತು. ಬಂದಿದ್ದರೂ ಅವರು ಕೂರುತ್ತಿರಲಿಲ್ಲ ಎಂದೇ ನಾನು ನಂಬಿದ್ದೆ. ಹಾಗೆ ನಂಬಿದ್ದರಿಂದಲೇ ಆರು ತಿಂಗಳು ನನಗೆ ನಿದ್ದೆ ಬಂದಿತ್ತು.

ಸಾಹೇಬರು ಪತ್ರವನ್ನು ಮಡಚಿದರು. "ಬಂದಿದ್ರ ಕೂಡ್ತಿದ್ದೆ" ಎಂದರು. "ಸರಕಾರನ ಹೂಂ ಅಂದಮ್ಯಾಲ ನಾ ಯಾಕ ಏಳ್ಲಿ? ಕೂಡಾಕ ನನಗ ಭಾಳ ಮನಸಿತ್ತವಾ. ನಾಕ ಊರು, ನಾಕ ಮಂದಿ, ಹೋಗೂದು ಬರೂದು. ಇನ್ನೊಂದ ವರ್ಷ ಸಿಕ್ಕಿದ್ರ ಸಾಕಾಗಿತ್ತು."

ಗೌರಮ್ಮನವರು ಸೆರಗಿನಿಂದ ಮುಖ ಒರೆಸಿಕೊಂಡು ಒಳಗೆ ಹೋದರು. ನಾನು ಚಹಾ ಕುಡಿದೆ. ಹೊರಟಾಗ ಅವರು ಗೇಟಿನ ತನಕ ಬಂದು, ಯಲಬುರ್ಗಾದ ಬೈಠಕ್ ಯಾವತ್ತು ಎಂದು ಕೇಳಿದರು. ಹೇಳಿದೆ. ಆ ತಾರೀಖಿಗೆ ನಾಲ್ಕು ದಿನ ಮುಂಚೆ ಅವರು ತೀರಿಕೊಂಡರು.

ನಾನೂ ನಿವೃತ್ತಳಾಗಿ ಎಷ್ಟೋ ವರ್ಷವಾಯಿತು. ನನ್ನ ಕೈಯಿಂದ ಸಾವಿರಾರು ಹಾಳೆ ದಾಟಿ ಹೋದವು. ನೆನಪಿಗೆ ಬರುವುದು ಅದೊಂದೇ. ಅದು ಮತ್ತೆ ನನ್ನ ಕೈಗೆ ಬಂದರೆ ಏನು ಮಾಡುತ್ತೀ ಎಂದು ನನ್ನನ್ನೇ ಕೇಳಿಕೊಳ್ಳುತ್ತೇನೆ. ಹರಿದು ಹಾಕುವುದಿಲ್ಲ, ತಿದ್ದುವುದಿಲ್ಲ. ಅವರ ಕೈಗೆ ಕೊಟ್ಟೇ ಕೊಡುತ್ತೇನೆ. ಆದರೆ ಒಂದು ವರ್ಷ ತಡಮಾಡಿ ಕೊಡುತ್ತೇನೆ.